ಗುಡ್ಡ ಮುಟ್ಟದ ಆದೇಶ

ಜೂನ್ ತಿಂಗಳ ಮೊದಲ ಶನಿವಾರ ನಮ್ಮ ರೆಜಿಮೆಂಟಿನ ನಿವೃತ್ತ ಅಧಿಕಾರಿಗಳು ಇಂಗ್ಲೆಂಡಿನ ವಿಲ್ಟ್‌ಷೈರಿನ ಹಳೆಯ ಮೆಸ್ಸಿನಲ್ಲಿ ಕೂಡಿ ಮಧ್ಯಾಹ್ನದ ಊಟ ಮಾಡುತ್ತಾರೆ. ದರ್ಜೆಯ ಪ್ರಕಾರ ಕೂರಬೇಕು, ರಾಣಿಯ ಹೆಸರಿನಲ್ಲಿ ಎದ್ದು ನಿಂತು ಕುಡಿಯಬೇಕು, ಯಾರೂ ಭಾಷಣ ಬಿಗಿಯಕೂಡದು. ಈ ಕೊನೆಯ ನಿಯಮ ಮಾಡಿದ ಪುಣ್ಯಾತ್ಮ ಯಾರೋ, ಅವನ ಹೊಟ್ಟೆ ತಣ್ಣಗಿರಲಿ. ಹನ್ನೆರಡು ವರ್ಷಗಳಿಂದ ಆಮಂತ್ರಣ ಕಳಿಸುವ ಕಾರ್ಯದರ್ಶಿ ನಾನೇ, ಮೇಜರ್ ವಿಗ್ಮೋರ್.

೧೯೮೧ರ ಏಪ್ರಿಲ್‌ನಲ್ಲಿ ಜನರಲ್ ಸರ್ ಆಂಬ್ರೋಸ್ ಥಾರ್ನ್‌ಬರಿ ಫೋನ್ ಮಾಡಿದರು.

"ವಿಗ್ಮೋರ್, ಈ ಸಲ ಪ್ಯಾಸ್ಕೋಗೂ ಒಂದು ಕಾರ್ಡ್ ಹಾಕಪ್ಪ."

"ಅವನನ್ನ ಕರೆಯೋ ಪದ್ಧತಿ ಇಲ್ಲವಲ್ಲ, ಸರ್."

"ಆ ಪದ್ಧತಿ ಮಾಡಿದ್ದು ಯಾರು? ನಾನೂ ನೀನೂ ತಾನೆ?"

ಅವತ್ತೇ ಕಾರ್ಡ್ ಬರೆದು ಅಂಚೆಗೆ ಹಾಕಿದೆ.

ಜನರಲ್ಲರ ಬದುಕನ್ನು ನಾಲ್ಕು ಸಾಲಿನಲ್ಲಿ ಹೇಳಬಹುದು. ಪಾದ್ರಿಯ ಮಗ; ನಾರ್ಮಂಡಿಯಲ್ಲಿ ಎರಡು ಬೆರಳು ಕಳೆದುಕೊಂಡರು; ಕೊರಿಯಾ ಯುದ್ಧದಲ್ಲಿ ನಮ್ಮ ಬೆಟಾಲಿಯನ್ನಿನ ಕರ್ನಲ್ ಆದರು; ಆಮೇಲೆ ಜರ್ಮನಿ, ಲಂಡನ್ನಿನ ಕಚೇರಿಯಲ್ಲಿ ಮೇಜಿನ ಕೆಲಸ, ಸರ್ ಪದವಿ. ಹೆಚ್ಚಿನವರಿಗೆ ಗೊತ್ತಿಲ್ಲದ್ದು ಕೊರಿಯಾದ ಒಂದು ಬೆಳಿಗ್ಗೆಯ ಸಂಗತಿ.

ಅವತ್ತು ಹಿಂದೆ ಸರಿಯುವಂತೆ ಆದೇಶ ಬಂತು. ಮುಂದಿನ ಗುಡ್ಡದ ಮೇಲೆ ಲೆಫ್ಟಿನೆಂಟ್ ಡೆನ್ಜಿಲ್ ಪ್ಯಾಸ್ಕೋ ಮೂವತ್ತು ಜನರೊಂದಿಗೆ ಇದ್ದ. ಅವನ ವೈರ್‌ಲೆಸ್ ಕೆಟ್ಟಿತ್ತು. "ಅವನಿಗೆ ನಾನೇ ಆಳು ಕಳಿಸ್ತೀನಿ" ಎಂದ ಥಾರ್ನ್‌ಬರಿ ಗಡಿಬಿಡಿಯಲ್ಲಿ ಮರೆತರು. ಆದೇಶವಿಲ್ಲದೆ ಜಾಗ ಬಿಡಬಾರದೆಂದು ಪ್ಯಾಸ್ಕೋ ಮಧ್ಯಾಹ್ನದವರೆಗೆ ಕಾದ. ಕೆಳಗಿಳಿದಾಗ ಜೊತೆಯಲ್ಲಿ ಹನ್ನೊಂದು ಜನ ಇದ್ದರು.

ವಿಚಾರಣೆಯಲ್ಲಿ ಥಾರ್ನ್‌ಬರಿ, ಆಳು ಕಳಿಸಿದ್ದೆ, ಪ್ಯಾಸ್ಕೋ ಆದೇಶ ಮೀರಿದ ಎಂದರು. ಅವರು ಹೆಸರಿಸಿದ ಸಿಪಾಯಿ ಅದೇ ದಿನ ಸತ್ತಿದ್ದ. ಯಾರನ್ನೂ ಕಳಿಸಿರಲಿಲ್ಲವೆಂದು ಅವರ ಸಹಾಯಕನಾಗಿದ್ದ ನನಗೆ ಗೊತ್ತಿತ್ತು. ಆದರೂ ಆ ಹೇಳಿಕೆಯನ್ನು ಒಂದು ತಪ್ಪಿಲ್ಲದೆ ಟೈಪ್ ಮಾಡಿದೆ. ಪ್ಯಾಸ್ಕೋ ರಾಜೀನಾಮೆ ಕೊಟ್ಟ, ಥಾರ್ನ್‌ಬರಿಗೆ ಪದಕ ಬಂತು. ನನಗೆ ಬಂದ ಬಡ್ತಿಯನ್ನು ನಾನೇನೂ ಬೇಡವೆನ್ನಲಿಲ್ಲ.

ಪ್ಯಾಸ್ಕೋ ಬರಲಾರನೆಂದುಕೊಂಡಿದ್ದೆ. ಬಂದ. ಡಿವೈಜಸ್ ಊರಲ್ಲಿ ಮೊಳೆ, ಚಿಲಕ, ಬಣ್ಣ ಮಾರುವ ಅಂಗಡಿ ಅವನದು. ಮೇಜಿನ ತೀರ ಕೊನೆಯಲ್ಲಿ ಕುರ್ಚಿ ಹಾಕಿಸಿದ್ದೆ. ಜನರಲ್ ತಮ್ಮ ಮೊದಲ ಸ್ಥಾನ ಬಿಟ್ಟು, ಊರುಗೋಲು ಊರುತ್ತ ಬಂದು ಅವನ ಪಕ್ಕದಲ್ಲಿ ಕೂತುಬಿಟ್ಟರು. ಖಾಲಿ ಕುರ್ಚಿಗೆ ಯಾರು ಸರಿಯಬೇಕೆಂದು ತಿಳಿಯದೆ ಕರ್ನಲ್ಲುಗಳೆಲ್ಲ ಎದ್ದರು, ಕೂತರು, ಮತ್ತೆ ಎದ್ದರು.

"ಏನ್ರೀ ವಿಗ್ಮೋರ್, ಊಟ ಹಾಕ್ತೀರೋ ಇಲ್ಲ ಕವಾಯತು ಮಾಡಿಸ್ತೀರೋ?" ಎಂದರು ಬ್ರಿಗೇಡಿಯರ್ ಫೆನ್ವಿಕ್.

ತಣ್ಣನೆಯ ಸಾಲ್ಮನ್ ಮೀನು ಮುಗಿಯಿತು. ರಾಣಿಯ ಹೆಸರಿನಲ್ಲಿ ಕುಡಿದು ಎಲ್ಲರೂ ಕೂತರು. ಜನರಲ್ ಮಾತ್ರ ನಿಂತೇ ಇದ್ದರು.

"ಭಾಷಣ ಇಲ್ಲ, ಎರಡೇ ಮಾತು. ಆ ಗುಡ್ಡಕ್ಕೆ ನಾನು ಆಳು ಕಳಿಸಲಿಲ್ಲ. ಮರೆತೆ, ಆಮೇಲೆ ಸುಳ್ಳು ಹೇಳಿದೆ. ಬರೆದವನ ಮೇಲೆ ಹೋಗಬೇಡಿ, ಬರೆಸಿದವನು ನಾನು."

ನಾನು ಆಗ ಎದ್ದು ನಿಲ್ಲಬೇಕಿತ್ತು. ನಿಲ್ಲಲಿಲ್ಲ. ಯಾರೂ ನನ್ನತ್ತ ನೋಡುತ್ತಿಲ್ಲವೆಂದು ಸಮಾಧಾನವಾಯಿತು. ಆ ಸಮಾಧಾನ ಪಟ್ಟದ್ದಕ್ಕೆ ಇವತ್ತಿಗೂ ನಾಚಿಕೆಯಾಗುತ್ತದೆ.

ಜನರಲ್ ಜೇಬಿನಿಂದ ಒಂದು ಲಕೋಟೆ ತೆಗೆದು ಪ್ಯಾಸ್ಕೋನ ಮುಂದಿಟ್ಟರು. "ಎಲ್ಲಾ ಬರೆದಿದೀನಿ, ಡೆನ್ಜಿಲ್. ಸೋಮವಾರ ಲಂಡನ್ನಿನ ಸೇನಾ ಕಚೇರಿಗೆ ಹೋಗುತ್ತೆ. ನಿನ್ನ ಹೆಸರಿಗೆ ಅಂಟಿದ ಕಳಂಕ ಹೋಗುತ್ತೆ."

ಪ್ಯಾಸ್ಕೋ ಲಕೋಟೆಯನ್ನು ಮುಟ್ಟಲಿಲ್ಲ. ಅವನ ದನಿಯಲ್ಲಿ ಕೋಪವೂ ಇರಲಿಲ್ಲ.

"ಯಾರ ಕಣ್ಣಲ್ಲಿ ಹೋಗಬೇಕು, ಸರ್? ನಮ್ಮೂರಲ್ಲಿ ನನ್ನನ್ನ ಯಾರೂ ಹೇಡಿ ಅಂದಿಲ್ಲ. ಅಂದೋರು ನಮ್ಮಪ್ಪ ಒಬ್ರೇ. ಅವರೂ ಇದೇ ರೆಜಿಮೆಂಟು, ಇದೇ ಮೇಜಿಗೆ ಊಟಕ್ಕೆ ಬರ್ತಿದ್ರು. ಆ ವಿಚಾರಣೆ ಆದ್ಮೇಲೆ ನಾಚಿಕೆಯಿಂದ ಬರೋದು ಬಿಟ್ರು. ಐವತ್ತೆಂಟರಲ್ಲಿ ತೀರಿಕೊಂಡ್ರು. ಆಳು ಬರಲೇ ಇಲ್ಲಪ್ಪ ಅಂತ ಹಾಸಿಗೆ ಪಕ್ಕ ಕೂತು ಎಷ್ಟು ಸಲ ಹೇಳಿದೆನೋ. ಪ್ರತಿ ಸಲಾನೂ ಒಂದೇ ಮಾತು: 'ಥಾರ್ನ್‌ಬರಿ ಸುಳ್ಳು ಹೇಳೋ ಮನುಷ್ಯ ಅಲ್ಲ ಕಣೋ.'"