ಗೌಡನ ಕಾಗದದ ವಾಡೇ

ವಿರೂಪಾಕ್ಷಗೌಡನಂಥ ಬುದ್ಧಿಗೇಡಿ ನಮ್ಮ ಮಸ್ಕಿಯೊಳಗ ಮತ್ತೊಬ್ಬ ಹುಟ್ಟಿಲ್ಲ. ಮೊಹರಂಗೆ ಖಾದರಬಾಷಾ ಪ್ರತಿ ವರ್ಷ ಬಿದಿರು, ಬಣ್ಣದ ಕಾಗದ ಹಚ್ಚಿ ತಾಬೂತು ಕಟ್ಟತಿದ್ದ. ಕರ್ಬಲಾ ಲಡಾಯಿಯೊಳಗ ಸತ್ತವರ ಗೋರಿ ಅದು. ಕಡೇ ದಿನ ಅತಗೊಂತ ಹೊತ್ತೊಯ್ದು ಹಳ್ಳಕ್ಕ ಬಿಡೋದು. ಕೂಸಿಗೂ ಗೊತ್ತಿರೋ ಮಾತು. ಈ ಗೌಡಗ ಮಾತ್ರ ಆ ಸಲ ತಾಬೂತು ತಾನಿರೋ ವಾಡೇದಂಗ ಇರಬೇಕಂತ! ಲಿಂಗಸೂಗೂರಿಂದ ಬರೋ ತಾಲೂಕದಾರ ಸಾಹೇಬ್ರು ನೋಡಿ ಮೆಚ್ಚಬೇಕಂತ. ಥೂ!

"ಗೋರಿ ರೀ ಇದು, ಗೌಡ್ರ" ಅಂದ ಖಾದರಬಾಷಾ.

"ನನಗ ಹೇಳಾಕ ಬಂದೇನಲೇ? ಹಬ್ಬ ಮುಗದ ಮ್ಯಾಲೆ ಅದನ್ನ ಪಡಸಾಲ್ಯಾಗ ಇಡತೀನಿ."

ಖಾದರಬಾಷಾನ ಕೈ ಬಂಗಾರ, ಗುಂಡಿಗಿ ಮಾತ್ರ ಹತ್ತಿ. ಹೂಂ ಅಂದುಬಿಟ್ಟ.

ಅದಕ್ಕೂ ಮೊದಲ ನಮ್ಮ ಬಾಜೂ ಮನಿ ಗದ್ದೆಮ್ಮಗ ಮಾತು ಕೊಟ್ಟಿದ್ದ. ಆಕಿ ಒಬ್ಬನೇ ಮಗ ಆದೆಪ್ಪ ಸಮುದ್ರದ ಆಚಿ ಬಸರಾದಾಗ ಇಂಗ್ರೇಜರ ಲಡಾಯಿಯೊಳಗ ಸತ್ತ. ಲಡಾಯಿಗೆ ಮಂದಿ ಕೇಳಿದಾಗ ಗೌಡ ತನ್ನ ಮಗನ್ನ ಅಟ್ಟದ ಮ್ಯಾಲೆ ಮುಚ್ಚಿಟ್ಟು, ಈಕಿ ಮಗನ್ನ ಹಿಡಿದು ಕೊಟ್ಟಿದ್ದ, ಹಲ್ಕಾ. ಹೆಣ ಬರಲಿಲ್ಲ, ಮಣ್ಣಾಗಲಿಲ್ಲ. ಗದ್ದೆಮ್ಮನ ಕಣ್ಣಾಗ ಹನಿ ನೀರೂ ಬರಲಿಲ್ಲ.

"ತಾಬೂತಿನಾಗ ನನ್ನ ಮಗಂದೂ ಒಂದು ಗೋರಿ ಇಡಪಾ, ಎಲ್ಲಾರ ಕೂಡ ಅತ್ತು ಕಳಸತೀನಿ" ಅಂದಿದ್ಲು.

ಖಾದರಬಾಷಾ ಅಂಗೈಯಷ್ಟು ಗೋರಿ ಮಾಡಿದ್ದ. ಗೌಡ ನೋಡಿದವನೇ, "ನನ್ನ ವಾಡೇದಾಗ ಈ ದರಿದ್ರ ಯಾಕಲೇ?" ಅಂತ ಹೊರಗ ಒಗೆದ. ಖಾದರಬಾಷಾ ಅದನ್ನ ಆಕಿ ಉಡ್ಯಾಗ ಹಾಕಿ, ಮಾರಿ ತಗ್ಗಿಸಿಕೊಂಡು ಹೋದ.

ವಾಡೇ ಚೆಂದ ಆತು, ಸುಳ್ಳು ಯಾಕ ಹೇಳಲಿ? ಕಂಬ, ತೊಲಿ, ಮಹಡಿ, ಎಲ್ಲಾ ಕಾಗದದ್ದು. ಗೌಡನ ಬಾಲಬಡಕರು "ಅಗದೀ ಅದೇ ರೀ" ಅಂತ ಬಾಯಿ ಕಳದ್ರು. ಕಡೇ ದಿನ ಮುಂಜಾನೆ ಹೆಂಗಸರು ತಾಬೂತಿನ ಮುಂದ ಸಕ್ಕರಿ ಇಟ್ಟು ಓದಿಸಾಕ ಹೋದ್ವಿ.

"ಪೀರಮ್ಮ, ಸೆರಗು ಅಡ್ಡ ಹಿಡಿಯಬೇ" ಅಂದ್ಲು ಗದ್ದೆಮ್ಮ.

ನಾ ಹಿಡಿದೆ. ಆಕಿ ಕೈ ಹಾಕಿ ಗೋರಿನ ಕಾಗದದ ನಡುಮನ್ಯಾಗ ಇಟ್ಟಳು. ಮುಲ್ಲಾ ಮೌಲಾಸಾಬ್ ಸತ್ತವರ ಹೆಸರಿಲೆ ಫಾತಿಹಾ ಓದಿದ.

ತಾಬೂತು ಎತ್ತೋ ಹೊತ್ತಿಗೆ ಗೌಡ ಬಗ್ಗಿ ನೋಡಿದ. ಮಾರಿ ಕರ್ರಗಾತು. "ಕಿತ್ತು ಒಗೀರಿ ಅದನ್ನ!"

"ಓದಿಕಿ ಆಗೈತಿ ಗೌಡ್ರ, ಇನ್ನ ಯಾರೂ ಕೈ ಹಾಕಂಗಿಲ್ಲ" ಅಂದ ಮೌಲಾಸಾಬ್.

"ಹಂಗಾರ ವಾಡೇನ ಮನಿಗೆ ಒಯ್ಯತೀನಿ."

"ಅದೂ ಹಳ್ಳಕ್ಕ ಹೋಗಬೇಕ್ರೀ. ಮೊದಲ ಹೆಗಲು ಮನಿಯವರದು. ಈ ಮನಿ ಯಾರ್ದು?"

ಮಂದಿಯೆಲ್ಲಾ ಗೌಡನ ಕಡೆ ತಿರುಗಿದ್ರು. ತಾಲೂಕದಾರ ಸಾಹೇಬ್ರೂ ನೋಡಾಕತ್ತಿದ್ರು. ತನ್ನದಲ್ಲ ಅನ್ನಾಕ ಆ ಹೇಡಿಗೆ ಬಾಯಿ ಎಲ್ಲಿತ್ತು? ರೇಶ್ಮಿ ರುಮಾಲು ಸರಿ ಮಾಡಿಕೊಂಡು ಹೆಗಲು ಕೊಟ್ಟ. ಬೇಗ ಮುಗಿಸಿದ್ರ ಸಾಕಂತ ದಡಬಡ ಹೆಜ್ಜಿ ಹಾಕಿದ.

ಗದ್ದೆಮ್ಮ ಅಡ್ಡ ಬಂದು ನಿಂತಳು. ಕಣ್ಣೀರು ಗಲ್ಲದ ಮ್ಯಾಲೆ ಹರಿಯಾಕತ್ತಿತ್ತು.

"ಸಾವಕಾಶ ನಡಿಯೋ ಗೌಡ" ಅಂದಳು. "ನನ್ನ ಮಗ ಅದಾನ ಒಳಗ."