ಎಡತೋಳಿನ ಅಳತೆ

ನಾಲ್ಕು ಲೋಕಗಳ ಬಾಗಿಲು ತೆರೆಯುವ ಓಣಿಯಲ್ಲಿ ದರ್ಜಿಯಮ್ಮನ ಬಾಡಿಗೆ ಅಂಗಡಿಯಿತ್ತು. ಗಂಡ ತೀರಿಹೋದ ಮೇಲೂ ಅವಳು ಅದನ್ನು ಬಿಡಲಿಲ್ಲ. ಬೇರೆ ಯಾವುದಾದರೂ ಲೋಕದಲ್ಲಿ ಅವನು ಬದುಕಿದ್ದರೆ, ಒಂದಲ್ಲ ಒಂದು ದಿನ ಈ ಓಣಿಗೆ ಬಂದೇ ಬರುತ್ತಾನೆ ಎಂಬ ಆಸೆ.

ಕೊನೆಗೂ ಬಂದ. ಅದೇ ಮುಖ, ಅದೇ ದನಿ. ಅಂಗಿಗೆಂದು ಬಟ್ಟೆ ಕೊಟ್ಟ. ಅವಳು ಅಳತೆಯನ್ನೇ ತೆಗೆದುಕೊಳ್ಳದೆ, ಕೈಗೆ ರೂಢಿಯಾಗಿದ್ದ ಹಾಗೆ ಹೊಲಿದಳು.

ತೊಟ್ಟು ನೋಡಿ ಅವನು ನಕ್ಕ. "ಏನಕ್ಕಾ, ಎಡತೋಳು ಎರಡು ಬೆರಳು ಗಿಡ್ಡ ಮಾಡಿದೀರಲ್ಲ! ಯಾರ ಅಂಗಿ ಇದು?"

ಅವಳ ಗಂಡ ಚಿಕ್ಕಂದಿನಲ್ಲಿ ಮರದಿಂದ ಬಿದ್ದು, ಮುರಿದ ಎಡಗೈ ಗಿಡ್ಡವಾಗಿಯೇ ಕೂಡಿಕೊಂಡಿತ್ತು. ಇವನು ಯಾವ ಮರದಿಂದಲೂ ಬಿದ್ದವನಲ್ಲ.

"ತಪ್ಪಾಯ್ತು, ಬಿಚ್ಚಿಕೊಡಿ, ಸರಿ ಮಾಡ್ತೀನಿ," ಎಂದಳು.

ಸರಿಮಾಡಿದ ಅಂಗಿ ತೊಟ್ಟು ಅವನು ಹೋದ ಮೇಲೆ, ಅಂಗಡಿ ಖಾಲಿ ಮಾಡುತ್ತೇನೆಂದು ಮಾಲೀಕರಿಗೆ ಹೇಳಿಕಳಿಸಿದಳು.