ಸಾರವೆಯವರ ಪ್ಯಾಂಟು

“ಇದನ್ ಹಾಯ್ಕಂಡ್ ಸಾರ್ವೆ ಹತ್ತುದಾ? ಯಾರ್ ಹೇಳ್ದ್ರ್ ನಿಂಗೆ?”

ಮಂಚದ ಮೇಲಿಂದ ಗಂಡ ದುಗ್ಗಪ್ಪ ಗದರಿದಾಗ ಚಂದ್ರಮತಿಗೆ ಸಿಟ್ಟಿಗಿಂತ ಸಂತೋಷವೇ ಆಯಿತು. ಶಿರೂರಿನಲ್ಲಿ ಯಾರದೋ ಮನೆ ಕಟ್ಟುವಾಗ ಬಿದಿರಿನ ಸಾರವೆಯಿಂದ ಬಿದ್ದು ಸೊಂಟದ ಕೆಳಗೆ ಸ್ವಾಧೀನ ತಪ್ಪಿದ ಮೇಲೆ, ಈ ಎರಡು ವರ್ಷ ಆ ಮನುಷ್ಯ ಬಾಯಿ ಬಿಡುತ್ತಿದ್ದುದು ನೀರು ಬೇಕಾದಾಗ ಮಾತ್ರ.

“ಹ್ವಾಯ್, ಜಪಾನಂಗೆ ಕಟ್ಟಡ ಕೆಲ್ಸದರ್ ಹಾಕುದೇ ಇದನ್ನಂಬ್ರ್. ಈಗ ಕಾಲೇಜ್ ಮಕ್ಕಳಿಗೆ ಫ್ಯಾಶನ್, ಕಾಣಿ,” ಎಂದು ಮೊಬೈಲಿನಲ್ಲಿ ಪ್ಯಾಂಟಿನ ಚಿತ್ರ ತೋರಿಸಿದಳು. ತೊಡೆಯಲ್ಲಿ ಗುಡಾಣದಷ್ಟು ಅಗಲ, ಪಾದದ ಹತ್ತಿರ ಬಿಗಿ. ಕುಂದಾಪುರದಲ್ಲಿ ಬಟ್ಟೆಯಂಗಡಿ ಇಟ್ಟ ಸ್ನೇಹಲತಾ ಮಾದರಿಗೆಂದು ಒಂದು ಹೊಲಿಯಲು ಕೊಟ್ಟಿದ್ದರು. ಒಪ್ಪಿದರೆ ವರ್ಷವಿಡೀ ಮನೆಯಲ್ಲೇ ಕೂತು ಹೊಲಿಯುವಷ್ಟು ಕೆಲಸ. ಇಲ್ಲವೆಂದರೆ ಗೇರುಬೀಜದ ಫ್ಯಾಕ್ಟರಿಯೇ ಗತಿ; ಮಗ್ಗುಲು ಬದಲಿಸಲೂ ಆಗದ ಗಂಡನನ್ನು ಸಂಜೆಯವರೆಗೆ ಒಬ್ಬನನ್ನೇ ಬಿಟ್ಟು ಹೋಗಬೇಕು.

“ಇಷ್ಟ್ ಅಗಲ ಇಟ್ರೆ ಮೊಳಿಗೆ ಸಿಕ್ಕತ್ತ್. ಲುಂಗಿ ಸಿಕ್ಕಿ ನಾ ಬಿದ್ದದ್ದ್ ಹಾಂಗೇ ಅಲ್ದಾ? ತೊಡೆ ಸಣ್ಣ ಮಾಡ್. ಮೊಣಕಾಲಿಗೆ ಎರಡ್ ಪದರ ಹಾಕ್, ಕಲ್ಲ್ ಮೇಲೆ ಮಂಡಿ ಊರುಕೆ ಬೇಕ್.”

ಕಾಲೇಜು ಮಕ್ಕಳು ಯಾವ ಸಾರವೆ ಹತ್ತುತ್ತಾರೆ! ಅವಳಿಗೆ ಗೊತ್ತಿರಲಿಲ್ಲವೇ? ಚೆನ್ನಾಗಿ ಗೊತ್ತಿತ್ತು. ಆದರೆ ಅವನು ಸೀಮೆಸುಣ್ಣ ಕೇಳಿ ಪಡೆದು, ಎದೆಯ ಮೇಲೆ ಮಣೆ ಇಟ್ಟುಕೊಂಡು, ಕಲ್ಲು ಅಳೆಯುವ ಹಾಗೆ ಗೇಣು ಹಾಕಿ ಬಟ್ಟೆಗೆ ಗೆರೆ ಎಳೆಯುತ್ತಿದ್ದ. ಬೇಡವೆನ್ನಲು ಬಾಯಿ ಬರಲಿಲ್ಲ. ಅವನ ಗೆರೆಯ ಮೇಲೆಯೇ ಕತ್ತರಿ ಆಡಿಸಿದಳು. ಹುಚ್ಚು ಹೆಂಗಸು!

ಅಂಗಡಿಯಲ್ಲಿ ಸ್ನೇಹಲತಾ ಪ್ಯಾಂಟನ್ನು ಎತ್ತಿ ಹಿಡಿದು ನೋಡಿದರು. “ನಾ ತೋರ್ಸದ್ದ್ ಎಂತ, ನೀ ಹೊಲ್ದದ್ದ್ ಎಂತ ಮರಾಯ್ತಿ? ಆ ಅಗಲಕ್ಕೇ ಅಲ್ದಾ ಜನ ಬಪ್ದ್! ಇದನ್ ಹಾಯ್ಕಂಡ್ ಯಾರಾರೂ ಕೆಲ್ಸ ಮಾಡ್ತ್ರಾ?”

“ಇನ್ನೊಂದ್ ಹೊಲ್ದ್ ಕೊಡ್ತೆ ಅಕ್ಕ.”

“ಬ್ಯಾಡ. ಉಳ್ದ ಬಟ್ಟೆ ಕೊಟ್ಟ್ ಹೋಗ್.”

ಮನೆಯಲ್ಲಿ ದುಗ್ಗಪ್ಪ ದಿಂಬಿನಿಂದ ತಲೆ ಎತ್ತಿ ಕಾಯುತ್ತಿದ್ದ. “ಎಂತ ಹೇಳ್ದ್ರ್?” ಒಪ್ಪಿದರು ಎನ್ನಬೇಕೆಂದು ದಾರಿಯುದ್ದಕ್ಕೂ ಅಂದುಕೊಂಡು ಬಂದಿದ್ದಳು. ಅಳು ಬಂದುಬಿಟ್ಟಿತು.

“ನಾ ಹಾಳ್ ಮಾಡ್ದೆ ಅಲ್ದಾ?”

“ಇಲ್ಲೆ,” ಎಂದಳು. ಅವನು ಎತ್ತಿದ ತಲೆಯನ್ನು ದಿಂಬಿಗೆ ಇಳಿಸಿದ.

ಸೋಮವಾರ ಬೆಳಿಗ್ಗೆ ಗಂಜಿ, ನೀರು, ಮೂತ್ರದ ಬಾಟಲಿ ಎಲ್ಲವನ್ನೂ ಅವನ ಕೈಗೆ ಸಿಗುವಂತೆ ಇಟ್ಟಳು. ರಸ್ತೆಯಲ್ಲಿ ಫ್ಯಾಕ್ಟರಿಯ ಟೆಂಪೊ ಹಾರನ್ ಹಾಕಿತು. ಅವಳು ಮಂಚದ ಬಳಿ ನಿಂತೇ ಇದ್ದಳು.

“ನೊಣ ಬತ್ತೊ. ಬಾಗ್ಲ್ ಎಳ್ಕಂಡ್ ಹೋಗ್,” ಎಂದ ದುಗ್ಗಪ್ಪ, ಮುಖವನ್ನು ಗೋಡೆಗೆ ತಿರುಗಿಸಿ.

ಅವಳು ಹೊರಬಂದು ಬಾಗಿಲು ಎಳೆದುಕೊಂಡಳು. ಹೊರಗಿನಿಂದ ಚಿಲಕ ಹಾಕುವುದೋ ಬೇಡವೋ ತಿಳಿಯದೆ, ಟೆಂಪೊ ಇನ್ನೊಮ್ಮೆ ಕೂಗುವವರೆಗೂ ಅದನ್ನು ಹಿಡಿದುಕೊಂಡೇ ನಿಂತಳು.